ಹನ್ನೊಂದು ಗಂಟೆ ನಲವತ್ತು ನಿಮಿಷದ ಕುಸ್ತಿ, ಆಮೇಲೆ ಬಂದ ಲೆಕ್ಕ

1912ರ ಜುಲೈ. ಸ್ಟಾಕ್‌ಹೋಮ್ ಒಲಿಂಪಿಕ್ಸ್. ಬಯಲಲ್ಲೇ ಹಾಸಿದ ಮ್ಯಾಟ್, ಮೇಲೆ ಸುಡು ಬಿಸಿಲು. ಮಧ್ಯಮ ತೂಕದ ಸೆಮಿಫೈನಲ್‌ಗೆ ಇಬ್ಬರು ಎದುರುಬದುರು ನಿಂತರು. ಒಬ್ಬರು ರಷ್ಯಾ ಪರ ಬಂದಿದ್ದ ಎಸ್ಟೋನಿಯಾದ ಮಾರ್ಟಿನ್ ಕ್ಲೈನ್. ಇನ್ನೊಬ್ಬರು ಫಿನ್ಲೆಂಡಿನ ಆಲ್ಫ್ರೆಡ್ ಅಸಿಕಾಯ್ನೆನ್. ಆ ಕುಸ್ತಿ ಮುಗಿಯಲು 11 ಗಂಟೆ 40 ನಿಮಿಷ ಬೇಕಾಯಿತು. ನಡುನಡುವೆ ಒಂದಿಷ್ಟು ನೀರು ಕುಡಿಯಲು ಬಿಡುವು, ಮತ್ತೆ ಹಿಡಿ, ಮತ್ತೆ ತಳ್ಳು. ಕೊನೆಗೆ ಕ್ಲೈನ್ ಎದುರಾಳಿಯ ಬೆನ್ನನ್ನು ಮ್ಯಾಟ್‌ಗೆ ಹಚ್ಚಿದರು. ಗೆದ್ದರು ನಿಜ. ಆದರೆ ಫೈನಲ್‌ಗೆ ನಿಲ್ಲಲು ಮೈಯಲ್ಲಿ ಕಸುವೇ ಉಳಿದಿರಲಿಲ್ಲ. ಅವರಿಗೆ ಬೆಳ್ಳಿ ಸಿಕ್ಕಿತು. ಚಿನ್ನ ಸ್ವೀಡನ್ನಿನ ಕ್ಲಾಸ್ ಯೋಹಾನ್ಸನ್ ಪಾಲಾಯಿತು.

ಅದೇ ಕೂಟದಲ್ಲಿ ಇನ್ನೊಂದು ತೂಕದ ಫೈನಲ್ ಇದಕ್ಕಿಂತ ವಿಚಿತ್ರ. ಸ್ವೀಡನ್ನಿನ ಆಂಡರ್ಸ್ ಆಲ್ಗ್ರೆನ್, ಫಿನ್ಲೆಂಡಿನ ಇವಾರ್ ಬೋಲಿಂಗ್ ಸುಮಾರು 9 ಗಂಟೆ ಸೆಣಸಿದರು. ಯಾರೂ ಬೀಳಲಿಲ್ಲ. ತೀರ್ಪುಗಾರರು ಬೇಸತ್ತು ಸಮ ಎಂದು ಸಾರಿದರು. ಗೆದ್ದವರಿಗೆ ಮಾತ್ರ ಚಿನ್ನ ಎಂದು ನಿಯಮ. ಇಲ್ಲಿ ಯಾರೂ ಗೆದ್ದಿಲ್ಲವಲ್ಲ! ಹಾಗಾಗಿ ಇಬ್ಬರಿಗೂ ಬೆಳ್ಳಿ. ಚಿನ್ನ ಯಾರಿಗೂ ಇಲ್ಲ.

ಚಾಂಪಿಯನ್ ಅಂದರೆ ಎಲ್ಲರಿಗಿಂತ ಬಲಶಾಲಿ ಎಂದು ನಾವು ಸುಮ್ನೆ ಅಂದುಕೊಂಡಿರುತ್ತೇವೆ. ಯುರೋಪಿನ ಕುಸ್ತಿಯ ಕತೆ ನೋಡಿದರೆ ಹಾಗೆ ಅನಿಸುವುದಿಲ್ಲ. ಯಾರನ್ನು ಚಾಂಪಿಯನ್ ಅನ್ನಬೇಕು ಎಂಬ ಲೆಕ್ಕವನ್ನು ಅಲ್ಲಿ ನೂರು ವರ್ಷಗಳಿಂದ ತಿದ್ದುತ್ತಲೇ ಇದ್ದಾರೆ. ಪ್ರತಿ ತಿದ್ದುಪಡಿಯ ಹಿಂದೆ ಇಂಥದ್ದೊಂದು ಎಡವಟ್ಟು ಇರುತ್ತದೆ.

ಹಳೆಯ ಲೆಕ್ಕ ನಮಗೂ ಹೊಸದಲ್ಲ. ಮೈಸೂರು ದಸರಾದ ನಾಡಕುಸ್ತಿ ನೋಡಿದವರಿಗೆ ಗೊತ್ತು. ಅಖಾಡದ ಕೆಮ್ಮಣ್ಣಿನಲ್ಲಿ ಪಾಯಿಂಟ್ ಗೀಯಿಂಟ್ ಏನಿಲ್ಲ. ಎದುರಾಳಿಯನ್ನು ಅಂಗಾತ ಕೆಡವಿ ಚಿತ್ ಮಾಡಿದರೆ ಗೆಲುವು, ಇಲ್ಲದಿದ್ದರೆ ಇಲ್ಲ. ಈ ಲೆಕ್ಕದಲ್ಲಿ ಅನುಮಾನಕ್ಕೆ ಜಾಗ ಇಲ್ಲ. ತೊಂದರೆ ಒಂದೇ, ಒಬ್ಬ ಪೈಲ್ವಾನ ಬೀಳಬಾರದು ಅಂತಲೇ ಹಟ ಹಿಡಿದರೆ ಕುಸ್ತಿ ಮುಗಿಯುವುದೇ ಇಲ್ಲ.

ಅದಕ್ಕೆ ಒಳ್ಳೆಯ ಉದಾಹರಣೆ 1910ರ ಸೆಪ್ಟೆಂಬರ್ 10ರದ್ದು. ಲಂಡನ್ನಿನಲ್ಲಿ ನಮ್ಮ ಗಾಮಾ ಪೈಲ್ವಾನರ ಎದುರು ಪೋಲೆಂಡಿನ ಸ್ಟಾನಿಸ್ಲಾಸ್ ಜಿಬಿಸ್ಕೊ. ಗಾಮಾ ಶುರುವಿನಲ್ಲೇ ಅವರನ್ನು ನೆಲಕ್ಕೆ ಇಳಿಸಿದರು. ಜಿಬಿಸ್ಕೊ ಅಲ್ಲಿಂದ ಏಳಲೇ ಇಲ್ಲ! ಬೋರಲು ಬಿದ್ದುಕೊಂಡು ಮ್ಯಾಟ್‌ಗೆ ಅಂಟಿಕೊಂಡರು. ಬೆನ್ನು ತಿರುಗದಿದ್ದರೆ ಸೋಲಿಲ್ಲವಲ್ಲ. ಎರಡೂವರೆ ಗಂಟೆಗೂ ಮೀರಿ ಹೀಗೇ ನಡೆಯಿತು. ಕೊನೆಗೆ ಸಮ ಎಂದರು. ಒಂದು ವಾರ ಬಿಟ್ಟು ಮತ್ತೆ ಹಿಡಿಯಬೇಕಿತ್ತು. ಆ ದಿನ ಜಿಬಿಸ್ಕೊ ಬರಲೇ ಇಲ್ಲ. ಬೆಲ್ಟ್ ಗಾಮಾಗೆ ಸಿಕ್ಕಿತು.

ಆಗ ಚಾಂಪಿಯನ್ ಎಂಬ ಪಟ್ಟ ಸಿಗುತ್ತಿದ್ದದ್ದೂ ಹೀಗೆಯೇ. ಸವಾಲು ಹಾಕು, ಬೆಲ್ಟ್ ಗೆಲ್ಲು. ಒಂದು ದೊಡ್ಡ ಕೂಟ ಇಟ್ಟು, ಹಲವು ದೇಶದವರನ್ನು ಸೇರಿಸಿ, ಅಲ್ಲಿ ಗೆದ್ದವರೇ ಯುರೋಪಿನ ಚಾಂಪಿಯನ್ ಅನ್ನುವ ಪದ್ಧತಿಯೂ ಪಕ್ಕದಲ್ಲೇ ಶುರುವಾಗಿತ್ತು. 1898ರಲ್ಲಿ ವಿಯೆನ್ನಾದಲ್ಲಿ ಅಂಥ ಕೂಟ ನಡೆದು, ಎಸ್ಟೋನಿಯಾದ ತಾರ್ತುವಿನಲ್ಲಿ ಹುಟ್ಟಿದ ಜಾರ್ಜ್ ಹ್ಯಾಕನ್‌ಸ್ಮಿಟ್ ಗೆದ್ದರು. ಆಗ ಗ್ರೀಕೋ ರೋಮನ್ ಶೈಲಿ ಮಾತ್ರ. ಅಂದರೆ ಸೊಂಟದ ಕೆಳಗೆ ಕೈ ಹಾಕುವಂತಿಲ್ಲ, ಕಾಲಿನಿಂದ ತೊಡರುಗಾಲು ಕೊಡುವಂತಿಲ್ಲ. ಕಾಲು ಹಿಡಿಯಬಹುದಾದ ಫ್ರೀಸ್ಟೈಲ್‌ಗೆ ಯುರೋಪಿನಲ್ಲಿ ಚಾಂಪಿಯನ್‌ಶಿಪ್ ಬಂದದ್ದು 1929ರಲ್ಲಿ. ಹೆಂಗಸರ ಕುಸ್ತಿ ಸೇರಿದ್ದು ಅದೆಷ್ಟೋ ದಶಕ ಕಳೆದ ಮೇಲೆ.

ಈಗ ಈ ಯುರೋಪ್ ಚಾಂಪಿಯನ್‌ಶಿಪ್ ಪ್ರತಿ ವರ್ಷ ನಡೆಯುತ್ತದೆ. 2023ರಲ್ಲಿ ಜಾಗ್ರೆಬ್, 2024ರಲ್ಲಿ ಬುಕಾರೆಸ್ಟ್, 2025ರಲ್ಲಿ ಬ್ರಾಟಿಸ್ಲಾವಾ. ಫ್ರೀಸ್ಟೈಲ್, ಗ್ರೀಕೋ ರೋಮನ್, ಮಹಿಳೆಯರು, ಹೀಗೆ ಮೂರು ವಿಭಾಗ. ಒಂದೊಂದರಲ್ಲೂ 10 ತೂಕ. ಒಟ್ಟು 30 ಮಂದಿ ಯುರೋಪಿನ ಚಾಂಪಿಯನ್‌ಗಳು. ಒಲಿಂಪಿಕ್ಸ್‌ನಲ್ಲಿ ವಿಭಾಗಕ್ಕೆ 6 ತೂಕ ಮಾತ್ರ, ಅಂದರೆ 18 ಚಿನ್ನ. ಉಳಿದ 12 ತೂಕದ ಚಾಂಪಿಯನ್‌ಗಳು ಒಲಿಂಪಿಕ್ಸ್‌ಗೆ ಹೋಗಬೇಕಾದರೆ ಮೈ ಇಳಿಸಬೇಕು, ಇಲ್ಲವೇ ಏರಿಸಬೇಕು. ಇನ್ನೊಂದು ವಿಷಯ ಹಲವರಿಗೆ ಗೊತ್ತಿಲ್ಲ. ಯುರೋಪ್ ಚಾಂಪಿಯನ್ ಆದರೂ ಒಲಿಂಪಿಕ್ಸ್ ಟಿಕೆಟ್ ತಾನಾಗಿ ಸಿಗುವುದಿಲ್ಲ. ಅದಕ್ಕೆ ಬೇರೆಯದೇ ಅರ್ಹತಾ ಕೂಟ ಇರುತ್ತದೆ.

ಆರು ನಿಮಿಷದಲ್ಲಿ ಏನಾಗುತ್ತದೆ

ಇಂದಿನ ಕುಸ್ತಿ 3 ನಿಮಿಷದ ಎರಡು ಅವಧಿ, ನಡುವೆ 30 ಸೆಕೆಂಡ್ ಬಿಡುವು. ಚಿತ್ ಮಾಡಿದರೆ ಈಗಲೂ ಆ ಕ್ಷಣಕ್ಕೇ ಆಟ ಮುಗಿಯಿತು. 9–0 ಹಿಂದೆ ಇದ್ದವನೂ ಚಿತ್ ಮಾಡಿ ಗೆಲ್ಲಬಹುದು. ಆದರೆ ಈಗ ಎಲ್ಲವೂ ಅದೊಂದರ ಮೇಲೆ ನಿಂತಿಲ್ಲ. ಎದುರಾಳಿಯನ್ನು ನೆಲಕ್ಕೆ ಇಳಿಸಿ ಅವನ ಬೆನ್ನ ಹಿಂದೆ ಹೋದರೆ 2 ಪಾಯಿಂಟ್. ಬೆನ್ನು ಮ್ಯಾಟ್ ಕಡೆಗೆ ತಿರುಗುವಂತೆ ಉರುಳಿಸಿದರೆ 2. ಕೆಳಗಿದ್ದವನು ತಿರುಗಿ ಮೇಲೆ ಬಂದರೆ 1. 9 ಮೀಟರಿನ ವೃತ್ತದಿಂದ ಆಚೆ ತಳ್ಳಿದರೆ 1. ನಿಂತಲ್ಲಿಂದ ಎತ್ತಿ ಬೆನ್ನ ಮೇಲೆ ಬೀಳುವಂತೆ ಎಸೆದರೆ 4, ಎಸೆತ ಭಾರಿ ಎತ್ತರದ್ದಾದರೆ 5. ಫ್ರೀಸ್ಟೈಲ್‌ನಲ್ಲಿ 10 ಪಾಯಿಂಟ್ ಅಂತರ ಆದರೆ ಅಲ್ಲಿಗೇ ನಿಲ್ಲಿಸುತ್ತಾರೆ. ಗ್ರೀಕೋ ರೋಮನ್‌ನಲ್ಲಿ 8 ಸಾಕು.

ಇಲ್ಲಿಯವರೆಗೆ ಸುಲಭ. ಕಷ್ಟ ಶುರುವಾಗುವುದು ಸಮ ಆದಾಗ. ಆರು ನಿಮಿಷ ಮುಗಿದಾಗ ಬೋರ್ಡಿನಲ್ಲಿ 3–3 ಇದೆ ಅಂದುಕೊಳ್ಳಿ. ಕುಸ್ತಿಯಲ್ಲಿ ಹೆಚ್ಚುವರಿ ಸಮಯ ಇಲ್ಲ, ಟಾಸ್ ಇಲ್ಲ. ಆದರೂ ಒಬ್ಬನ ಕೈ ಮೇಲೆತ್ತಲೇಬೇಕು. ಆಗ ನೋಡುವುದು ಅಂಕ ಬಂದ ಬಗೆಯನ್ನು. ಕುಸ್ತಿಯಲ್ಲಿ ಒಬ್ಬನದು ಕೆಂಪು ಉಡುಪು, ಇನ್ನೊಬ್ಬನದು ನೀಲಿ. ಕೆಂಪಿನವನು ಒಮ್ಮೆ ಕೆಡವಿ 2 ತೆಗೆದುಕೊಂಡ, ಒಮ್ಮೆ ಆಚೆ ತಳ್ಳಿ 1. ನೀಲಿಯವನು ಮೂರು ಸಲ ಆಚೆ ತಳ್ಳಿ ಒಂದೊಂದೇ ಕೂಡಿಹಾಕಿದ. ಗೆದ್ದವನು ಕೆಂಪು. ಅವನ ಹತ್ತಿರ ದೊಡ್ಡ ಪಟ್ಟು ಒಂದಿದೆ. ಇಬ್ಬರದ್ದೂ 2 ಮತ್ತು 1 ಆಗಿದ್ದರೆ ಎಚ್ಚರಿಕೆ ಯಾರಿಗೆ ಕಡಿಮೆ ಬಿದ್ದಿದೆ ಎಂದು ನೋಡುತ್ತಾರೆ. ಅದೂ ಸಮ ಇದ್ದರೆ ಕೊನೆಯ ಪಾಯಿಂಟ್ ಪಡೆದವನದ್ದು ಗೆಲುವು.

ಈ ಲೆಕ್ಕದ ಬಿಸಿ ನಮ್ಮವರಿಗೂ ತಟ್ಟಿದೆ. 2019ರ ವಿಶ್ವ ಚಾಂಪಿಯನ್‌ಶಿಪ್‌ನ 65 ಕೆಜಿ ಸೆಮಿಫೈನಲ್‌ನಲ್ಲಿ ಬಜರಂಗ್ ಪೂನಿಯಾ ಮತ್ತು ಕಜಕಸ್ತಾನದ ದೌಲೆತ್ ನಿಯಾಜ್‌ಬೆಕೊವ್ 9–9ರಲ್ಲಿ ನಿಂತರು. ದೌಲೆತ್ ಹತ್ತಿರ 4 ಪಾಯಿಂಟಿನ ಪಟ್ಟೊಂದು ಇತ್ತು. ಫೈನಲ್‌ಗೆ ಅವರೇ ಹೋದರು. ಬೋರ್ಡಿನಲ್ಲಿ ಸಮ ಕಾಣುತ್ತಿದೆ, ಆದರೂ ನಮ್ಮವರು ಸೋತರು. ಟಿವಿ ಮುಂದೆ ಕೂತವರಿಗೆ ಇದನ್ನು ಅರಗಿಸಿಕೊಳ್ಳುವುದು ಕಷ್ಟ. ನನಗಂತೂ ಈ ಮಾನದಂಡ ಸರಿ ಅನಿಸುತ್ತದೆ. ಆಚೆ ತಳ್ಳುವುದು ಯಾರಿಗೂ ಬಂದೀತು. ಎತ್ತಿ ಎಸೆಯುವುದೇ ಕುಸ್ತಿ ಅಲ್ವಾ?

ಕೊನೆಯ ಇಪ್ಪತ್ತು ಸೆಕೆಂಡ್ ನೋಡುವುದೇ ಒಂದು ಮಜಾ. 3–3ರಲ್ಲಿ ಲೆಕ್ಕ ತನ್ನ ಕಡೆ ಇರುವವನು ಮೆಲ್ಲಗೆ ಹಿಂದೆ ಸರಿಯುತ್ತಾನೆ. ಇನ್ನೊಬ್ಬ ಮೈಮೇಲೆ ಬಿದ್ದು ಬರುತ್ತಾನೆ. ತೀರಾ ಓಡಿದರೆ ಅದಕ್ಕೂ ದಂಡ ಇದೆ: ಒಂದು ಎಚ್ಚರಿಕೆ, ಎದುರಾಳಿಗೆ ಒಂದು ಪಾಯಿಂಟ್.

ಜಿಬಿಸ್ಕೊ ಥರ ಬೋರಲು ಬಿದ್ದುಕೊಳ್ಳುವವರಿಗೂ ಮದ್ದು ಕಂಡುಹಿಡಿದಿದ್ದಾರೆ. ಪಟ್ಟು ಹಾಕದೆ ಸುಮ್ಮನೆ ತಡೆಯುತ್ತಾ ನಿಂತವನಿಗೆ ರೆಫರಿ ಮೊದಲು ಬಾಯಲ್ಲಿ ಹೇಳುತ್ತಾರೆ. ಫ್ರೀಸ್ಟೈಲ್‌ನಲ್ಲಿ ಆಮೇಲೆ 30 ಸೆಕೆಂಡಿನ ಗಡಿಯಾರ ಓಡುತ್ತದೆ. ಅಷ್ಟರಲ್ಲಿ ಅವನು ಏನೂ ಮಾಡದಿದ್ದರೆ ಎದುರಾಳಿಗೆ 1. ಗ್ರೀಕೋ ರೋಮನ್‌ನಲ್ಲಿ ಅವನನ್ನು ಮ್ಯಾಟ್ ಮೇಲೆ ಕೆಳಗಿರಿಸಿ, ಎದುರಾಳಿಗೆ ಮೇಲಿನಿಂದ ಹಿಡಿಯುವ ಅವಕಾಶ ಕೊಡುತ್ತಾರೆ.

ಇಂಥ ಮದ್ದುಗಳಲ್ಲಿ ಒಂದು ದೊಡ್ಡ ಮರವನ್ನೇ ಉರುಳಿಸಿತು. ರಷ್ಯಾದ ಅಲೆಕ್ಸಾಂಡರ್ ಕರೆಲಿನ್ ಹೆಸರು ಕೇಳಿರಬಹುದು. 12 ಸಲ ಯುರೋಪ್ ಚಾಂಪಿಯನ್, 3 ಒಲಿಂಪಿಕ್ ಚಿನ್ನ. 130 ಕೆಜಿಯ ಎದುರಾಳಿ ಬೋರಲು ಮಲಗಿದ್ದರೆ ಸೊಂಟಕ್ಕೆ ಕೈ ಹಾಕಿ ಮೂಟೆಯಂತೆ ಎತ್ತಿ ಹಿಂದಕ್ಕೆ ಎಸೆಯುತ್ತಿದ್ದರು. 13 ವರ್ಷ ಅಂತರರಾಷ್ಟ್ರೀಯ ಕುಸ್ತಿಯಲ್ಲಿ ಸೋತಿರಲಿಲ್ಲ. 2000ರ ಸಿಡ್ನಿ ಒಲಿಂಪಿಕ್ಸ್ ಫೈನಲ್‌ನಲ್ಲಿ ಅವರ ಎದುರು ಅಮೆರಿಕದ ರುಲಾನ್ ಗಾರ್ಡ್‌ನರ್. ಮೊದಲ ಅವಧಿ 0–0. ಆಗಿನ ನಿಯಮದ ಪ್ರಕಾರ ಎರಡನೇ ಅವಧಿಯನ್ನು ಇಬ್ಬರೂ ಎದೆಗೆ ಎದೆ ಕೊಟ್ಟು, ಕೈಗಳನ್ನು ಬೆಸೆದು ಶುರು ಮಾಡಬೇಕಿತ್ತು. ಹಿಡಿತ ಮೊದಲು ಬಿಟ್ಟವನಿಗೆ ನಷ್ಟ. ಒಂದು ಕ್ಷಣ ಕರೆಲಿನ್ ಕೈ ಬಿಟ್ಟುಹೋಯಿತು. ಕಣ್ಣಿಗೆ ಕಾಣದಷ್ಟು ಚಿಕ್ಕ ಸಂಗತಿ. ಗಾರ್ಡ್‌ನರ್‌ಗೆ 1 ಪಾಯಿಂಟ್. ಕೊನೆವರೆಗೂ ಅಂಕ 1–0 ಆಗಿಯೇ ಉಳಿಯಿತು. ಯಾರೂ ಯಾರನ್ನೂ ಎಸೆಯಲಿಲ್ಲ, ಕೆಡವಲಿಲ್ಲ. ಕರೆಲಿನ್ ಸೋತರು.

ಚೀಲದೊಳಗಿನ ಚೆಂಡು

ಅದಕ್ಕಿಂತ ದೊಡ್ಡ ಎಡವಟ್ಟು ಬಂದದ್ದು 2005ರ ಆಸುಪಾಸಿನಲ್ಲಿ. ಆಟ ಟಿವಿಗೆ ಚುರುಕಾಗಿ ಕಾಣಲಿ ಎಂದು ಕುಸ್ತಿಯನ್ನು 2 ನಿಮಿಷದ ಮೂರು ಅವಧಿಗಳಾಗಿ ಒಡೆದರು. ಟೆನಿಸ್ ಸೆಟ್ ಇದ್ದ ಹಾಗೆ. ಎರಡು ಅವಧಿ ಗೆದ್ದವರು ಗೆದ್ದಂತೆ. ಒಂದರಲ್ಲಿ ಗೆದ್ದ ಪಾಯಿಂಟ್ ಮುಂದಿನದಕ್ಕೆ ಬರುವುದಿಲ್ಲ. ಒಬ್ಬ ಮೊದಲ ಅವಧಿಯಲ್ಲಿ 5–0 ಗೆದ್ದು, ಉಳಿದ ಎರಡನ್ನು 0–1, 0–1 ಸೋತ ಅಂದುಕೊಳ್ಳಿ. ಒಟ್ಟು ಕೂಡಿಸಿದರೆ 5–2. ಆದರೂ ಸೋತವನು ಅವನೇ!

ಅವಧಿ 0–0 ಆದರೆ ಏನು ಮಾಡುತ್ತಿದ್ದರು ಗೊತ್ತಾ? ಫ್ರೀಸ್ಟೈಲ್‌ನಲ್ಲಿ ರೆಫರಿ ಒಂದು ಬಟ್ಟೆಯ ಚೀಲಕ್ಕೆ ಕೈ ಹಾಕಿ ಚೆಂಡು ತೆಗೆಯುತ್ತಿದ್ದರು. ಕೆಂಪು ಬಂದರೆ ಕೆಂಪು ಪೈಲ್ವಾನನಿಗೆ, ನೀಲಿ ಬಂದರೆ ನೀಲಿಯವನಿಗೆ ಎದುರಾಳಿಯ ಒಂದು ಕಾಲು ಹಿಡಿದುಕೊಂಡೇ ಆಟ ಶುರು ಮಾಡುವ ಭಾಗ್ಯ. 30 ಸೆಕೆಂಡಿನಲ್ಲಿ ಅಂಕ ಗಳಿಸಬೇಕು. ಕಾಲು ಕೈಯಲ್ಲೇ ಇದ್ದ ಮೇಲೆ ಕೆಡವುವುದು ಎಷ್ಟು ಹೊತ್ತು! ನಾಲ್ಕು ವರ್ಷ ಬೆವರು ಸುರಿಸಿ ಬಂದವನ ಹಣೆಬರಹ ಒಂದು ಚೀಲದೊಳಗೆ. ಇದನ್ನು ಲಾಟರಿ ಎನ್ನದೆ ಬೇರೆ ಏನೆನ್ನಬೇಕೋ.

ಹೊಸಬರಿಗೆ ಆಟ ಅರ್ಥವಾಗುತ್ತಿರಲಿಲ್ಲ, ಹಳಬರಿಗೆ ಸಿಟ್ಟು. 2013ರ ಫೆಬ್ರವರಿ 12ರಂದು ಒಲಿಂಪಿಕ್ ಸಮಿತಿಯ ಕಾರ್ಯಕಾರಿ ಮಂಡಳಿ ಕುಸ್ತಿಯನ್ನು ಒಲಿಂಪಿಕ್ಸ್‌ನಿಂದ ಕೈಬಿಡಲು ಶಿಫಾರಸು ಮಾಡಿತು. ಪ್ರಾಚೀನ ಗ್ರೀಸಿನ ಒಲಿಂಪಿಕ್ಸ್‌ನಲ್ಲೂ ಇದ್ದ ಆಟ! ಆಮೇಲೆ ಆದದ್ದು ನೋಡಿ. ಜಗಳವಾಡುವ ಅಮೆರಿಕ, ಇರಾನ್, ರಷ್ಯಾ ಮೂರೂ ಒಂದಾದವು. ಆ ವರ್ಷ ಮೇ ತಿಂಗಳಲ್ಲಿ ನ್ಯೂಯಾರ್ಕಿನ ಗ್ರ್ಯಾಂಡ್ ಸೆಂಟ್ರಲ್ ರೈಲು ನಿಲ್ದಾಣದೊಳಗೇ ಮ್ಯಾಟ್ ಹಾಸಿ ಮೂರೂ ದೇಶದ ಪೈಲ್ವಾನರು ಕುಸ್ತಿ ಹಿಡಿದರು. ಕುಸ್ತಿ ಒಕ್ಕೂಟದ ಅಧ್ಯಕ್ಷರು ಬದಲಾದರು, ಸರ್ಬಿಯಾದ ನೆನಾದ್ ಲಾಲೊವಿಚ್ ಬಂದರು. ಚೆಂಡಿನ ಚೀಲ ಮೂಲೆಗೆ ಹೋಯಿತು. 3 ನಿಮಿಷದ ಎರಡು ಅವಧಿ, ಪಾಯಿಂಟ್ ಒಟ್ಟು ಕೂಡಿಸುವ ಪದ್ಧತಿ ಬಂತು. ಸೆಪ್ಟೆಂಬರ್ 8ರಂದು ಬ್ಯೂನಸ್ ಐರಿಸ್‌ನಲ್ಲಿ ಮತ ಹಾಕಿದಾಗ ಕುಸ್ತಿಗೆ 49, ಬೇಸ್‌ಬಾಲ್ ಮತ್ತು ಸಾಫ್ಟ್‌ಬಾಲ್ ಜೋಡಿಗೆ 24, ಸ್ಕ್ವಾಷ್‌ಗೆ 22. ಕುಸ್ತಿ ಉಳಿಯಿತು. ನಿಯಮದ ಎಡವಟ್ಟಿನಿಂದ ಒಂದು ಆಟವೇ ಮನೆಗೆ ಹೋಗುವುದರಲ್ಲಿತ್ತು.

ಸೋತವರಿಗೆ ಇನ್ನೊಂದು ಬಾಗಿಲು

ಒಂದು ಕುಸ್ತಿ ಗೆಲ್ಲುವುದು ಹೇಗೆ ಎಂಬುದಾಯಿತು. ಕೂಟ ಗೆಲ್ಲುವುದು ಹೇಗೆ? ಲೀಗ್ ಇಡಬಹುದು, ಎಲ್ಲರೂ ಎಲ್ಲರೊಂದಿಗೆ ಆಡಲಿ. ಕುಸ್ತಿಯಲ್ಲಿ ಅದು ಕಷ್ಟ, ಮೈ ತಡೆಯುವುದಿಲ್ಲ. ಹಾಗಾಗಿ ಸೋತರೆ ಹೊರಗೆ ಎನ್ನುವ ನಾಕೌಟ್. ಅದಕ್ಕೂ ಒಂದು ಕುಂದು ಇದೆ. ಡ್ರಾ ಎತ್ತುವಾಗ ಎಲ್ಲರಿಗಿಂತ ಬಲವಾದ ಇಬ್ಬರು ಮೊದಲ ಸುತ್ತಿನಲ್ಲೇ ಎದುರಾದರೆ? ಮೇಲಿನ ರ‍್ಯಾಂಕಿನವರನ್ನು ಡ್ರಾದಲ್ಲಿ ದೂರ ದೂರ ಇಡುತ್ತಾರೆ ನಿಜ. ಆದರೂ ಅಪಾಯ ಪೂರ್ತಿ ತಪ್ಪುವುದಿಲ್ಲ.

ಅದಕ್ಕೆ ರೆಪೆಚೇಜ್. ಪತ್ರಿಕೆಯಲ್ಲಿ ಈ ಪದ ಓದಿ ತಲೆ ಕೆರೆದುಕೊಂಡವರು ಬಹಳ. ವಿಷಯ ಇಷ್ಟೇ. ಫೈನಲ್‌ಗೆ ಹೋದವರ ಕೈಯಲ್ಲಿ ಸೋತಿದ್ದರೆ ನಿಮಗೆ ಇನ್ನೊಂದು ಅವಕಾಶ. ಬೇರೆ ಯಾರ ಕೈಯಲ್ಲಾದರೂ ಸೋತಿದ್ದರೆ ಗಂಟುಮೂಟೆ ಕಟ್ಟಿ. ಹಾಗಾಗಿ ಮೊದಲ ಸುತ್ತಿನಲ್ಲಿ ಸೋತವನು ಬಟ್ಟೆ ಬದಲಿಸದೆ, ತನ್ನನ್ನು ಸೋಲಿಸಿದವನೇ ಮುಂದೆ ಮುಂದೆ ಗೆಲ್ಲಲಿ ಎಂದು ಚಪ್ಪಾಳೆ ತಟ್ಟುತ್ತಾ ಕೂರುತ್ತಾನೆ!

16 ಜನರ ಪಟ್ಟಿ ಬರೆದುಕೊಂಡು, ಪೆನ್ಸಿಲ್ಲಿನಲ್ಲಿ ಗೆರೆ ಎಳೆದು ನೋಡಿ. ಫೈನಲ್ ತಲುಪಿದವನು ದಾರಿಯಲ್ಲಿ ಮೂವರನ್ನು ಸೋಲಿಸಿರುತ್ತಾನೆ. ಒಬ್ಬ ಮೊದಲ ಸುತ್ತಿನಲ್ಲಿ, ಒಬ್ಬ ಕ್ವಾರ್ಟರ್‌ಫೈನಲ್‌ನಲ್ಲಿ, ಒಬ್ಬ ಸೆಮಿಫೈನಲ್‌ನಲ್ಲಿ. ಮೊದಲಿಬ್ಬರು ಹಿಡಿಯುತ್ತಾರೆ. ಗೆದ್ದವನು ಸೆಮಿಫೈನಲ್‌ನಲ್ಲಿ ಸೋತವನ ಜತೆ ಕಂಚಿಗೆ ಹಿಡಿಯುತ್ತಾನೆ. ಇನ್ನೊಂದು ಅರ್ಧದಲ್ಲೂ ಹೀಗೇ. ಅದಕ್ಕೇ ಕುಸ್ತಿಯಲ್ಲಿ ಎರಡು ಕಂಚು. 2008ರ ಬೀಜಿಂಗ್‌ನಲ್ಲಿ ಸುಶೀಲ್ ಕುಮಾರ್ ಮೊದಲ ಕುಸ್ತಿಯಲ್ಲೇ ಉಕ್ರೇನಿನ ಆಂದ್ರಿ ಸ್ಟಾಡ್ನಿಕ್‌ಗೆ ಸೋತರು. ಸ್ಟಾಡ್ನಿಕ್ ಫೈನಲ್‌ಗೆ ಹೋದರು. ಬಾಗಿಲು ತೆರೆಯಿತು. ಅದೇ ದಿನ ಸುಶೀಲ್ ಸಾಲಾಗಿ ಮೂರು ಕುಸ್ತಿ ಗೆದ್ದು ಕಂಚು ತಂದರು.

ಈ ಗೆರೆಗಳೆಲ್ಲ ಎಷ್ಟು ಸಿಕ್ಕಾಗಬಹುದು ಎಂದು ನಾವು ಹೊಟ್ಟೆ ಉರಿಸಿಕೊಂಡು ನೋಡಿದ್ದು 2024ರ ಪ್ಯಾರಿಸ್‌ನಲ್ಲಿ. 50 ಕೆಜಿಯಲ್ಲಿ ವಿನೇಶ್ ಫೋಗಟ್ ಮೊದಲ ಸುತ್ತಿನಲ್ಲಿ ಜಪಾನಿನ ಯೂಯಿ ಸುಸಾಕಿಯನ್ನು 3–2ರಿಂದ ಸೋಲಿಸಿದರು. ಸುಸಾಕಿ ಅಲ್ಲಿಯವರೆಗೆ ವಿದೇಶಿ ಎದುರಾಳಿಗೆ ಸೋತವರೇ ಅಲ್ಲ. ಆಮೇಲೆ ಉಕ್ರೇನಿನ ಒಕ್ಸಾನಾ ಲಿವಾಚ್, ಆಮೇಲೆ ಕ್ಯೂಬಾದ ಯುಸ್ನೆಲಿಸ್ ಗುಜ್ಮಾನ್. ಮೂರೂ ಗೆಲುವು ಒಂದೇ ದಿನ. ಮರುದಿನ ಬೆಳಿಗ್ಗೆ ತೂಕ ನೋಡಿದರೆ 100 ಗ್ರಾಂ ಜಾಸ್ತಿ. 2018ರಿಂದ ಒಂದು ತೂಕದ ಕುಸ್ತಿ ಎರಡು ದಿನ ನಡೆಯುತ್ತದೆ, ಎರಡೂ ದಿನ ತೂಕ ಹಾಕುತ್ತಾರೆ. ಯಾವ ದಿನ ತಪ್ಪಿದರೂ ಇಡೀ ಕೂಟದಿಂದಲೇ ಹೊರಗೆ, ಪಟ್ಟಿಯಲ್ಲಿ ಕೊನೆಯ ಸ್ಥಾನ. ಹಿಂದಿನ ದಿನ ನ್ಯಾಯವಾಗಿ ಗೆದ್ದದ್ದಕ್ಕೂ ಬೆಲೆ ಇಲ್ಲ.

ಈಗ ಪೆನ್ಸಿಲ್ ಗೆರೆ ನೋಡಿ. ಖಾಲಿಯಾದ ಫೈನಲ್ ಜಾಗಕ್ಕೆ ಸೆಮಿಫೈನಲ್‌ನಲ್ಲಿ ಸೋತಿದ್ದ ಗುಜ್ಮಾನ್ ಬಂದರು. ಅವರು ಮೇಲೆ ಹೋದ ಮೇಲೆ ಕಂಚಿನ ಪಂದ್ಯಕ್ಕೆ ಆ ಅರ್ಧದಲ್ಲಿ ಉಳಿದವರು ಸುಸಾಕಿ ಮತ್ತು ಲಿವಾಚ್ ಮಾತ್ರ. ಅವರ ರೆಪೆಚೇಜ್ ಕುಸ್ತಿಯೇ ಕಂಚಿನ ಕುಸ್ತಿಯಾಯಿತು. ಸುಸಾಕಿ ಗೆದ್ದರು. ಚಿನ್ನ ಅಮೆರಿಕದ ಸಾರಾ ಹಿಲ್ಡೆಬ್ರಾಂಟ್‌ಗೆ. ಸೆಮಿಫೈನಲ್ ಸೋತವರಿಗೆ ಬೆಳ್ಳಿ, ಮೊದಲ ಸುತ್ತು ಸೋತವರಿಗೆ ಕಂಚು, ಮೂವರನ್ನು ಸೋಲಿಸಿದವರಿಗೆ ಏನೂ ಇಲ್ಲ. ಕ್ರೀಡಾ ನ್ಯಾಯಾಲಯ ಮೇಲ್ಮನವಿಯನ್ನು ಒಪ್ಪಲಿಲ್ಲ. ನಿಯಮ ಓದಿದರೆ ತೀರ್ಪು ಸರಿ. ನಿಯಮ ಸರಿಯೇ ಎಂದು ಕೇಳಿದರೆ, ಎರಡನೇ ದಿನದ ತಪ್ಪಿಗೆ ಮೊದಲ ದಿನದ ಗೆಲುವನ್ನೂ ಕಿತ್ತುಕೊಳ್ಳುವುದು ಅತಿಯಾಯಿತು ಎಂದೇ ನನ್ನ ಅನಿಸಿಕೆ.

ಕುಸ್ತಿಯಲ್ಲಿ ಬೆಳ್ಳಿ ಗೆದ್ದವರು ಎರಡನೇ ಬಲಶಾಲಿ ಎಂದೇನೂ ಅಲ್ಲ. ಎರಡನೇ ಬಲಶಾಲಿ ಮೊದಲ ಸುತ್ತಿನಲ್ಲೇ ಚಾಂಪಿಯನ್ ಕೈಗೆ ಸಿಕ್ಕಿರಬಹುದು. ರೆಪೆಚೇಜ್ ಅವರನ್ನು ಕಂಚಿನವರೆಗೆ ಮಾತ್ರ ಕರೆತರಬಲ್ಲದು.

ಯುರೋಪ್ ಚಾಂಪಿಯನ್‌ಶಿಪ್‌ನಲ್ಲಿ ಕೆಲವು ತೂಕಗಳಿಗೆ ಜನ ಕಡಿಮೆ. ಆರಕ್ಕಿಂತ ಕಡಿಮೆ ಇದ್ದರೆ ನಾಕೌಟ್ ಬಿಟ್ಟು ಲೀಗ್. ಎಲ್ಲರೂ ಎಲ್ಲರನ್ನೂ ಹಿಡಿಯುತ್ತಾರೆ. ಅಲ್ಲಿ ಬೇರೆ ಪೀಕಲಾಟ. ಮೊದಲನೆಯವನು ಎರಡನೆಯವನನ್ನು ಸೋಲಿಸಿದ, ಎರಡನೆಯವನು ಮೂರನೆಯವನನ್ನು, ಮೂರನೆಯವನು ಮೊದಲನೆಯವನನ್ನು. ಈಗ ಯಾರು ಮೇಲೆ? ಅದಕ್ಕೆ ಪ್ರತಿ ಗೆಲುವಿಗೂ ತೂಕ ಕಟ್ಟಿದ್ದಾರೆ. ಚಿತ್ ಮಾಡಿ ಗೆದ್ದರೆ 5, ಭಾರಿ ಅಂತರದಲ್ಲಿ ಗೆದ್ದರೆ 4, ಬರೀ ಪಾಯಿಂಟ್ ಮೇಲೆ ಗೆದ್ದರೆ 3. ಸೋತವನೂ ಒಂದಿಷ್ಟು ಪಾಯಿಂಟ್ ಗಳಿಸಿದ್ದರೆ ಅವನಿಗೂ 1. ಹಳೆಯ ಚಿತ್ ಲೆಕ್ಕ ಇಲ್ಲಿ ಇನ್ನೂ ಬದುಕಿದೆ ನೋಡಿ.

ದೇಶದ ಲೆಕ್ಕ

ತಂಡ ಪ್ರಶಸ್ತಿಯೂ ಇದೆ. ಅದನ್ನು ಪದಕ ಎಣಿಸಿ ಕೊಡುವುದಿಲ್ಲ. ಚಿನ್ನಕ್ಕೆ 25, ಬೆಳ್ಳಿಗೆ 20, ಕಂಚಿಗೆ 15. ಕಂಚಿನ ಕುಸ್ತಿ ಸೋತ ಇಬ್ಬರಿಗೂ ತಲಾ 10. ಆಮೇಲೆ 8, 6, 4, 2 ಎಂದು ಹತ್ತನೇ ಸ್ಥಾನದವರೆಗೆ. ಒಂದು ದೇಶಕ್ಕೆ ಎರಡು ಚಿನ್ನ ಬಂದು, ಉಳಿದವರೆಲ್ಲ ಬೇಗ ಸೋತರೆ 50. ಇನ್ನೊಂದು ದೇಶಕ್ಕೆ ಚಿನ್ನವೇ ಇಲ್ಲ; ಒಂದು ಬೆಳ್ಳಿ, ಎರಡು ಕಂಚು, ಒಂದು ಐದನೇ ಸ್ಥಾನ ಸೇರಿ 60. ಪದಕ ಪಟ್ಟಿಯಲ್ಲಿ ಮೊದಲನೆಯ ದೇಶ ಮೇಲೆ. ತಂಡದ ಕಪ್ ಹಿಡಿಯುವುದು ಎರಡನೆಯದು. ಒಬ್ಬ ಕರೆಲಿನ್ ಇದ್ದ ಮಾತ್ರಕ್ಕೆ ದೇಶ ಗೆಲ್ಲುವುದಿಲ್ಲ. ಈ ಲೆಕ್ಕ ನನಗಿಷ್ಟ.

ಒಂದು ತೂಕಕ್ಕೆ ಒಂದು ದೇಶದಿಂದ ಒಬ್ಬರೇ. ರಷ್ಯಾದ ದಾಗೆಸ್ತಾನದಂಥ ಕಡೆ ಇದು ದೊಡ್ಡ ತಲೆನೋವು. ಅಲ್ಲಿ ಕುಸ್ತಿ ನಮ್ಮಲ್ಲಿ ಕ್ರಿಕೆಟ್ ಇದ್ದ ಹಾಗೆ. ದೇಶದ ತಂಡದ ಬಾಗಿಲಲ್ಲಿ ಸಾಲು ನಿಲ್ಲುವುದಕ್ಕಿಂತ ಬೇರೆ ದೇಶದ ಪಾಸ್‌ಪೋರ್ಟ್ ಹಿಡಿಯುವವರು ಬಹಳ. ದಾಗೆಸ್ತಾನದಲ್ಲಿ ಬೆಳೆದ ಅಖ್ಮದ್ ತಾಜುದಿನೊವ್ ಪ್ಯಾರಿಸ್‌ನಲ್ಲಿ 97 ಕೆಜಿ ಚಿನ್ನ ಗೆದ್ದದ್ದು ಬಹರೇನ್ ಪರ. ಅವರು ಆಡುವುದು ಏಷ್ಯಾದ ಕೂಟದಲ್ಲಿ. ಕ್ಯೂಬಾದಲ್ಲಿ ಹುಟ್ಟಿದ ಫ್ರಾಂಕ್ ಚಮಿಜೊ ಇಟಲಿ ಪರ ಹಿಡಿದು ಯುರೋಪ್ ಚಾಂಪಿಯನ್ ಆದರು. ಜಾರ್ಜಿಯಾ, ಅರ್ಮೇನಿಯಾ, ಅಜರ್‌ಬೈಜಾನ್, ಟರ್ಕಿ, ಇಸ್ರೇಲ್ ಎಲ್ಲವೂ ಕುಸ್ತಿ ಲೆಕ್ಕದಲ್ಲಿ ಯುರೋಪೇ. ಯುರೋಪಿನ ಚಾಂಪಿಯನ್ ಎಂದಾಗ ಯುರೋಪ್ ಯಾವುದು ಅನ್ನುವುದನ್ನೂ ನಿಯಮವೇ ಹೇಳಬೇಕು.

ಇಷ್ಟೆಲ್ಲ ಲೆಕ್ಕ ಇದ್ದರೂ ಕೊನೆಗೆ ಕಣ್ಣಿಟ್ಟು ನೋಡುವವರು ಮನುಷ್ಯರು. ಮ್ಯಾಟ್ ಮೇಲೆ ಒಬ್ಬ ರೆಫರಿ, ಒಂದು ತೋಳಿಗೆ ಕೆಂಪು ಪಟ್ಟಿ, ಇನ್ನೊಂದಕ್ಕೆ ನೀಲಿ. ಯಾವ ಕೈ ಎತ್ತಿ ಎಷ್ಟು ಬೆರಳು ತೋರಿಸುತ್ತಾರೋ ಆ ಬಣ್ಣಕ್ಕೆ ಅಷ್ಟು ಪಾಯಿಂಟ್. ಬದಿಯಲ್ಲಿ ಇನ್ನಿಬ್ಬರು. ಮೂವರಲ್ಲಿ ಇಬ್ಬರು ಒಪ್ಪಬೇಕು. ಕೋಚ್‌ಗೆ ಸರಿಬರದಿದ್ದರೆ ಮೂಲೆಯಿಂದ ಒಂದು ಸ್ಪಂಜಿನ ತುಂಡನ್ನು ಮ್ಯಾಟ್ ಮೇಲೆ ಎಸೆಯುತ್ತಾರೆ. ಆಗ ವಿಡಿಯೊ ನೋಡುತ್ತಾರೆ. ಕೋಚ್ ಹೇಳಿದ್ದು ತಪ್ಪಾದರೆ ಎದುರಾಳಿಗೆ 1 ಪಾಯಿಂಟ್. ಹಾಗಾಗಿ ಸ್ಪಂಜು ಎಸೆಯುವ ಮುಂಚೆ ಕೋಚ್ ಮತ್ತು ಪೈಲ್ವಾನ ಒಬ್ಬರ ಮುಖ ಒಬ್ಬರು ನೋಡಿಕೊಳ್ಳುತ್ತಾರೆ.

2008ರ ಬೀಜಿಂಗ್ ಒಲಿಂಪಿಕ್ಸ್‌ನಲ್ಲೇ ಸ್ವೀಡನ್ನಿನ ಅರಾ ಅಬ್ರಹಾಮಿಯನ್ ಗ್ರೀಕೋ ರೋಮನ್ 84 ಕೆಜಿ ಸೆಮಿಫೈನಲ್‌ನಲ್ಲಿ ಇಟಲಿಯ ಆಂದ್ರೆಯಾ ಮಿಂಗುಜಿಗೆ ಸೋತರು. ತೀರ್ಪು ಅವರಿಗೆ ಒಪ್ಪಿಗೆಯಾಗಲಿಲ್ಲ. ಆಮೇಲೆ ಕಂಚು ಗೆದ್ದರು. ಪದಕ ಕೊರಳಿಗೆ ಹಾಕಿದ ಮೇಲೆ ವೇದಿಕೆಯಿಂದ ಇಳಿದು, ಅದನ್ನು ತೆಗೆದು ಮ್ಯಾಟ್ ನಡುವೆ ಇಟ್ಟು ನಡೆದುಬಿಟ್ಟರು. ಸಮಾರಂಭಕ್ಕೆ ಅವಮಾನ ಮಾಡಿದರೆಂದು ಅವರ ಪದಕ ರದ್ದಾಯಿತು. ಆ ತೂಕದಲ್ಲಿ ಉಳಿದದ್ದು ಒಂದೇ ಕಂಚು.

ಗಾಮಾ ಮತ್ತು ಜಿಬಿಸ್ಕೊ ಕತೆಯನ್ನು ಅರ್ಧಕ್ಕೇ ಬಿಟ್ಟೆ, ಅಲ್ವಾ? 1928ರಲ್ಲಿ ಇಬ್ಬರೂ ಮತ್ತೆ ಎದುರಾದರು, ಈ ಸಲ ಪಟಿಯಾಲದ ಮಣ್ಣಿನಲ್ಲಿ. ಇಬ್ಬರಿಗೂ ವಯಸ್ಸು ಐವತ್ತರ ಹತ್ತಿರ. ಲಂಡನ್ನಿನಲ್ಲಿ ಎರಡೂವರೆ ಗಂಟೆಯಲ್ಲಿ ಮುಗಿಯದ ಕುಸ್ತಿ ಇಲ್ಲಿ ಒಂದು ನಿಮಿಷವೂ ನಡೆಯಲಿಲ್ಲ. ಜಿಬಿಸ್ಕೊ ಅಂಗಾತ ಬಿದ್ದಿದ್ದರು.